ಮಾತುಬಿಟ್ಟ ಬೆಟ್ಟ

ಕೊಂಗುಳಿನಾಡಿನ ತೆಂಕಣ ಗಡಿಯಲ್ಲಿ, ಬಟ್ಟಬಯಲಿನ ನಡುವೆ ಕರಿಯ ಬೆಟ್ಟವೊಂದು ಒಂಟಿಯಾಗಿ ನಿಂತಿದೆ. ಅದರ ನೆತ್ತಿಯ ಮೇಲೆ ಅರ್ಧಕ್ಕೇ ನಿಂತುಹೋದ ಕೋಟೆಗೋಡೆ ಒಂದು ಮಗ್ಗುಲಿಗೆ ವಾಲಿದೆ. ಬುಡದಲ್ಲಿ ಹಿಂದೆ ಅಡಿಯೂರೆಂಬ ಹಳ್ಳಿಯಿದ್ದ ಕಡೆ ಈಗ ಜೊಂಡು ಬೆಳೆದ ಕೆರೆ. ಅರಮನೆಯವರು ಇದಕ್ಕೆ ವಿಜಯಗಿರಿ ಎಂದು ಹೆಸರಿಟ್ಟಿದ್ದುಂಟು. ಆದರೆ ದಾರಿ ಕೇಳುವವರು ಇಂದಿಗೂ ಮಾತುಬಿಟ್ಟ ಬೆಟ್ಟವೆಂದೇ ಕೇಳಬೇಕು. ಆ ಹೆಸರು ಹೇಳುವಾಗ ಸುತ್ತಲಿನ ಹಿರಿಯರು ದನಿ ತಗ್ಗಿಸುತ್ತಾರೆ. ಅದು ಬೆಟ್ಟದ ಭಯವಲ್ಲ, ತಮ್ಮವನೇ ಒಬ್ಬ ಮಾಡಿದ ಕೆಲಸದ ನಾಚಿಕೆ ಎನ್ನುತ್ತಾರೆ.

ಹಿಂದೊಂದು ಕಾಲದಲ್ಲಿ ಈ ಬೆಟ್ಟ ಮಾತಾಡುತ್ತಿತ್ತಂತೆ. ವರ್ಷಕ್ಕೆ ಒಂದೋ ಎರಡೋ ಮಾತು, ಅದೂ ದೂರದ ಗುಡುಗಿನಂತೆ. ಊರವರಿಗೆ ಅದರ ದನಿ ಗೊತ್ತಿತ್ತು, ಅರ್ಥ ಗೊತ್ತಿರಲಿಲ್ಲ. ಅಡಿಯೂರಿನ ಕೇಶಿಮಯ್ಯ ಚಿಕ್ಕಂದಿನಿಂದ ಬಂಡೆಗೆ ಕಿವಿಯಾನಿಸಿ ಕೂತು, ತಲೆಗೂದಲು ನೆರೆಯುವ ಹೊತ್ತಿಗೆ ಆ ನುಡಿಯನ್ನು ಕಲಿತುಬಿಟ್ಟ. ಅದಕ್ಕೊಂದು ವ್ಯಾಕರಣವನ್ನೂ ಬರೆದ. ಆಸ್ಥಾನದ ಪಂಡಿತರು ನಕ್ಕರು. “ಕಲ್ಲು ಗೊರಕೆ ಹೊಡೆದರೆ ಅದಕ್ಕೂ ವಿಭಕ್ತಿ ಪ್ರತ್ಯಯವೇ?” ಎಂದು ತುಂಬಿದ ಸಭೆಯಲ್ಲಿ ಆಡಿಕೊಂಡರು. ಆ ನಗು ಕೇಶಿಮಯ್ಯನ ಎದೆಯಲ್ಲಿ ಮುಳ್ಳಾಗಿ ಉಳಿಯಿತು. ಆದ್ದರಿಂದಲೇ ಅರಸ ಇಂದುಕೇಸರಿ ಅವನನ್ನು ಕರೆಸಿ, “ನೆತ್ತಿಯ ಮೇಲೆ ಕೋಟೆ ಕಟ್ಟಬೇಕು, ಬೆಟ್ಟದ ಒಪ್ಪಿಗೆ ಕೇಳಿ ಬನ್ನಿ, ಬಂದ ಮೇಲೆ ಸಭೆಯ ಮೊದಲ ಪೀಠ ನಿಮ್ಮದು” ಎಂದಾಗ, ಅವನ ಕಾಲು ನೆಲಕ್ಕೆ ತಾಗಲಿಲ್ಲ.

ಅವನು ಕೇಳಿದ. ಬೆಟ್ಟ ಹೇಳಿತು: “ನನ್ನೊಡಲಲ್ಲಿ ನೀರಿದೆ. ಭಾರ ಹೊರಿಸಬೇಡಿ. ತಾಳಲಾರದೆ ಬಿಟ್ಟರೆ ಕೆಳಗಿನ ಮನೆಗಳು ಉಳಿಯುವುದಿಲ್ಲ.” ಇಷ್ಟು ಸ್ಪಷ್ಟವಾದ ಮಾತನ್ನು ಅವನು ಹಿಂದೆಂದೂ ಕೇಳಿರಲಿಲ್ಲ. ಆದರೆ ಹಿಂತಿರುಗುವ ದಾರಿಯುದ್ದಕ್ಕೂ ಅವನಿಗೆ ಕೇಳಿಸಿದ್ದು ಪಂಡಿತರ ನಗು. ಬೇಡವೆಂದರೆ, ತನ್ನ ಊರು ಉಳಿಸಿಕೊಳ್ಳಲು ಕಟ್ಟಿದ ಕಥೆ ಎನ್ನುತ್ತಾರೆ; ಪೀಠ ಹೋಗುತ್ತದೆ, ವ್ಯಾಕರಣ ಒಲೆಗೆ ಹೋಗುತ್ತದೆ. ಸಭೆಯಲ್ಲಿ ನಿಂತು, “ಒಪ್ಪಿದೆ, ಪ್ರಭು” ಎಂದ. ಆ ಮೂರಕ್ಷರ ಬಾಯಿಂದ ಎಷ್ಟು ಸುಲಭವಾಗಿ ಹೊರಬಿತ್ತೆಂದು ಅವನಿಗೇ ಹೇಸಿಗೆಯಾಯಿತು.

ಕೋಟೆ ಏಳತೊಡಗಿತು. ಹೆಬ್ಬಾಗಿಲು ನಿಲ್ಲಿಸುವ ದಿನ ಅರಸನೂ ಪರಿವಾರವೂ ನೆರೆದಿದ್ದಾಗ ಬೆಟ್ಟ ಮತ್ತೆ ನುಡಿಯಿತು. ಅದರಲ್ಲಿ ಸಿಟ್ಟಿರಲಿಲ್ಲ. “ಕೇಶಿ, ನಾನು ಹೇಳಿದ್ದು ನಿನಗೆ ತಿಳಿಯಲಿಲ್ಲವೇ? ನನ್ನ ಉಚ್ಚಾರವೇ ಸರಿಯಿರಲಿಲ್ಲವೇನೋ” ಎಂದು, ಎಳೆಮಗುವಿಗೆ ಕಲಿಸುವಂತೆ ಒಂದೊಂದೇ ಪದ ಬಿಡಿಸಿ ಮೊದಲಿನ ಮಾತನ್ನೇ ಇನ್ನೊಮ್ಮೆ ಹೇಳಿತು. ಅರಸ ತಿರುಗಿ, “ಏನಂತೆ?” ಎಂದ. ಕೇಶಿಮಯ್ಯ ನೆಲ ನೋಡುತ್ತ, “ಹರಸುತ್ತಿದೆ” ಎಂದ.

ಇಳಿದು ಬಂದರೆ ಹಾದಿಯಲ್ಲಿ ಸೋದರತ್ತೆ ಬೊಮ್ಮಕ್ಕ ಮಜ್ಜಿಗೆ ಹಿಡಿದು ಕಾದಿದ್ದಳು. ತಾಯಿಲ್ಲದ ಅವನನ್ನು ಸಾಕಿದವಳು ಅವಳೇ. “ನಮ್ಮ ಬೆಟ್ಟ ಹರಸ್ತಂತಲ್ಲೋ ಕೇಶಿ! ಊರಿಗೆ ಊರೇ ನಿನ್ನ ಹೆಸರು ಹೇಳ್ತಿದೆ. ಬಿಸಿಲಾಗೆ ಬಂದಿದ್ದೀಯ, ಕುಡಿ.” ಅವನು ಬಟ್ಟಲನ್ನು ತುಟಿಗೆ ಒಯ್ದ. ಕುಡಿಯದೆ ಕೆಳಗಿಟ್ಟ. “ಅತ್ತೆ, ನಾನು ಸುಳ್ಳು ಹೇಳಿದೆ” ಎಂದು ಅಲ್ಲೇ ಕುಸಿದು ಎಲ್ಲವನ್ನೂ ಹೇಳಿದ. ಬೊಮ್ಮಕ್ಕ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿದಳು. “ಮೊದಲು ಜನಾನ ಎಬ್ಬಿಸಿ ಆಚೆ ದಾಟಿಸ್ಬೇಕು. ನಿನ್ನ ಬೈಯೋದು ಆಮೇಲೆ. ಮೇಲಿರೋರಿಗೆ ನೀನೇ ಹೋಗಿ ಹೇಳು.”

ಅವನು ಮತ್ತೆ ಬೆಟ್ಟ ಹತ್ತಿದ. ಅರಸನೆದುರು, ಪಂಡಿತರೆದುರು ನಿಂತು, ತಾನು ಎರಡು ಸಲ ಸುಳ್ಳಾಡಿದೆನೆಂದು ಗಟ್ಟಿಯಾಗಿ ಹೇಳಿದ. “ಸುಳ್ಳು ಆಗಿನದೋ ಈಗಿನದೋ?” ಎಂದು ಪಂಡಿತರು ನಕ್ಕರು. ಕಲ್ಲುಕುಟಿಗರು ಮಾತ್ರ ನಗಲಿಲ್ಲ. ಕಾಲಡಿಯ ಬಂಡೆ ನಡುಗುತ್ತಿರುವುದು ಅವರಿಗೆ ತಿಳಿದಿತ್ತು. ಉಳಿ ಸುತ್ತಿಗೆ ಬಿಟ್ಟು ಅವರು ಇಳಿಯತೊಡಗಿದ ಮೇಲೆ ಅರಸನೂ ಇಳಿದ. ಕಟ್ಟಕಡೆಯ ಮುದುಕಿ ಊರಗಡಿ ದಾಟುವವರೆಗೆ ಬೆಟ್ಟ ಉಸಿರು ಬಿಗಿಹಿಡಿದು ತಾಳಿಕೊಂಡಿತಂತೆ. ಆಮೇಲೆ ಅದರ ಮಗ್ಗುಲು ಬಿರಿಯಿತು. ನೀರು ನುಗ್ಗಿ ಅಡಿಯೂರು ಮುಳುಗಿತು. ಒಂದು ಜೀವವೂ ಹೋಗಲಿಲ್ಲ.

ಅಂದಿನಿಂದ ಬೆಟ್ಟ ಮಾತಾಡಿಲ್ಲ. ಅರಸ ಶಿಕ್ಷಿಸಲೆಂದು ಕೇಶಿಮಯ್ಯ ಕಾದ; ಅರಸ ಅವನನ್ನು ಮರೆತೇಬಿಟ್ಟ. ಬೊಮ್ಮಕ್ಕ ಬೈಯಲೆಂದು ಕಾದ; ಅವಳು ದಿನವೂ ಅನ್ನವಿಕ್ಕಿದಳು, ಆದರೆ ಬೈಯಲೇ ಇಲ್ಲ. ಬೈದಿದ್ದರೆ ಸುಖವಿತ್ತೆಂದು ಅವನು ಸಾಯುವವರೆಗೂ ಹೇಳುತ್ತಿದ್ದನಂತೆ. ಉಳಿದ ಆಯುಷ್ಯವನ್ನೆಲ್ಲ ಬಂಡೆಯ ಬುಡದಲ್ಲೇ ಕಳೆದು, ಬಂದವರಿಗೆ ಆ ನುಡಿಯನ್ನು ಕಲಿಸಿದ. ಸುಳ್ಳುಗಾರನ ವ್ಯಾಕರಣ ಓದಬಾರದೆಂದು ಕೆಲವು ಮಠಗಳಲ್ಲಿ ಇಂದಿಗೂ ಕಟ್ಟಪ್ಪಣೆಯಿದೆ. ಊರಿನ ಜನ ಉಳಿದದ್ದು ಅವನ ನುಡಿಜ್ಞಾನದಿಂದಲೇ ಎಂದು ವಾದಿಸುವವರೂ ಇದ್ದಾರೆ.

ಈಗ ಹೋದವರಿಗೆ ಬಂಡೆಯ ನೆರಳಲ್ಲಿ ಒಂದು ಹುಲ್ಲುಮಾಡಿನ ಪಾಠಶಾಲೆ ಕಾಣುತ್ತದೆ. ಯಾರೂ ಆಡದ ಭಾಷೆಯನ್ನು ಕಲಿತ ನಾಲ್ಕಾರು ಮಂದಿ ಸರದಿಯಂತೆ ಕಲ್ಲಿಗೆ ಕಿವಿಗೊಟ್ಟು ಕೂತಿರುತ್ತಾರೆ. ದೂರದಿಂದ ನಡೆದು ಬಂದ ಯಾತ್ರಿಕರು ಆಸೆಯಿಂದ, “ಇವತ್ತೇನಾದರೂ ಹೇಳಿತೇ?” ಎಂದು ಕೇಳುತ್ತಾರೆ. ಹೌದೆಂದರೆ ಅವರ ಮುಖ ಅರಳುವುದೆಂದು ಕೂತವರಿಗೆ ಚೆನ್ನಾಗಿ ಗೊತ್ತು. “ಇಲ್ಲ” ಎನ್ನುತ್ತಾರೆ.