ತಮಟೆಯಿಲ್ಲದ ಮೆರವಣಿಗೆ

"ಗುರುಗಳೇ, ನೋವನ್ನು ನುಂಗಿಕೊಳ್ಳುವವನು ದೊಡ್ಡವನೋ, ಹೇಳಿಕೊಳ್ಳುವವನು ದೊಡ್ಡವನೋ?" ಎಂದು ಶಿಷ್ಯ ಗುರುಸಿದ್ಧ ಕೇಳಿದ.

ಮಠದ ಜಗಲಿಯಲ್ಲಿ ಬೆಳಗಿನ ಪಾಠ ಆಗಷ್ಟೇ ಮುಗಿದಿತ್ತು. ಗುರುಗಳು ಬಾಯಿ ತೆರೆಯುವಷ್ಟರಲ್ಲಿ ಅವನು ಅದೇ ಪ್ರಶ್ನೆಯನ್ನು ಇನ್ನೊಮ್ಮೆ ಕೇಳಿದ. ಸೆಕೆ ಇದ್ದರೂ ತಲೆಯ ಮೇಲಿನ ವಸ್ತ್ರವನ್ನು ಹುಬ್ಬಿನವರೆಗೆ ಎಳೆದುಕೊಂಡಿದ್ದ. ಅವನು ಕೊಳದಿಂದ ನೀರು ತಂದಿದ್ದ ಹಿತ್ತಾಳೆ ಕೊಡ ಒಂದು ಕಡೆ ನಗ್ಗಿತ್ತು. ಗುರುಗಳು ಕೊಡವನ್ನು ನೋಡಿದರು, ಅವನನ್ನೂ ನೋಡಿದರು.

"ಆ ಕಂಬಕ್ಕೆ ಒರಗಿ ಕೂತುಕೋ. ಕತೆ ಸ್ವಲ್ಪ ಉದ್ದವಿದೆ," ಎಂದು ಶುರುಮಾಡಿದರು.

ಒಂದು ಊರಿನಲ್ಲಿ ಒಬ್ಬ ಪೈಲ್ವಾನನಿದ್ದ. ಅವನ ಬೆನ್ನು ಒಮ್ಮೆಯೂ ಮಣ್ಣು ಕಂಡಿರಲಿಲ್ಲ. ಕುಸ್ತಿಯಲ್ಲಿ ಬೆನ್ನು ಮಣ್ಣಿಗೆ ತಗುಲಿದರೆ ಸೋತಂತೆ. ಅಷ್ಟು ಗೊತ್ತಿದ್ದರೆ ಈ ಕತೆಗೆ ಸಾಕು. ಪಟ್ಟುಗಳ ಹೆಸರು ಕೇಳಬೇಡ, ನನಗೂ ಗೊತ್ತಿಲ್ಲ.

ಆ ಊರಿನ ಗರಡಿಯಲ್ಲಿ ಒಂದು ಪದ್ಧತಿ ಇತ್ತು. ಯಾರಾದರೂ ತಲೆ ಕೆಳಗಾಗಿ ಬಿದ್ದು, ಕಣ್ಣು ಕತ್ತಲೆ ಬಂದು ಕೂತರೆ, ಕುಸ್ತಿ ಕಲಿಸುವ ಉಸ್ತಾದ ಅಖಾಡದ ಕೆಂಪು ಮಣ್ಣನ್ನು ಒಂದು ಚಿಟಿಕೆ ತೆಗೆದು ಅವನ ಹಣೆಗೆ ಒತ್ತಿ 'ಏಳು' ಎನ್ನುತ್ತಿದ್ದ. ಎಣ್ಣೆ, ಮಜ್ಜಿಗೆ, ಅರಿಶಿನ ಬೆರೆಸಿ ಹದ ಮಾಡಿದ ಮಣ್ಣು ಅದು. ತರಚಿದ ಮೊಣಕಾಲಿಗೆ ಅದನ್ನೇ ಹಚ್ಚುತ್ತಿದ್ದರು. ಮೊಣಕಾಲಿಗೆ ಆಗುವುದು ತಲೆಗೂ ಆಗಲೇಬೇಕು ಎಂದು ನಂಬಿದ್ದರು. ಮೊಣಕಾಲೂ ತಲೆಯೂ ಒಂದೇ ಎಂದುಕೊಳ್ಳಲು ಪೈಲ್ವಾನರೇ ಆಗಬೇಕು! ಮಣ್ಣು ಹಚ್ಚಿಸಿಕೊಂಡವನು ಎದ್ದು ತೊಡೆ ತಟ್ಟಿದರೆ ಜನ ಶಿಳ್ಳೆ ಹೊಡೆಯುತ್ತಿದ್ದರು. ಏಳದವನನ್ನು ಮರುದಿನ ಯಾರೂ ಮಾತಾಡಿಸುತ್ತಿರಲಿಲ್ಲ. ನಮ್ಮ ಪೈಲ್ವಾನ ಪ್ರತಿ ಸಲವೂ ಎದ್ದ.

ವರ್ಷಗಳು ಕಳೆದವು. ಬೆಳಕು ಕಂಡರೆ ಅವನಿಗೆ ತಲೆ ಸಿಡಿಯತೊಡಗಿತು. ಸಣ್ಣ ಮಾತಿಗೂ ಸಿಟ್ಟು ಬರತೊಡಗಿತು. ಒಂದು ಮಧ್ಯಾಹ್ನ ಪಕ್ಕದ ಮನೆಗೆ ಹೋಗಿ, ಕಾಲು ತೊಳೆದು, ಮಣೆಯ ಮೇಲೆ ಕೂತು, ಮುದ್ದೆ ಹಾಕು ಎಂದ. ಆ ಮನೆಯಾಕೆ ಮಾತಾಡದೆ ಬಡಿಸಿದಳು. ಉಂಡು ಕೈ ತೊಳೆದ ಮೇಲೂ ಅದು ತನ್ನ ಮನೆಯಲ್ಲ ಎಂದು ಅವನಿಗೆ ತಿಳಿಯಲಿಲ್ಲ. ಊರೆಲ್ಲ ನಕ್ಕಿತು. ನೀನೂ ನಗು, ಪರವಾಗಿಲ್ಲ. ಮುಂದೆ ಅವನೇ ಇದನ್ನು ಎಲ್ಲರಿಗೂ ಹೇಳಿಕೊಂಡು ನಗುತ್ತಿದ್ದ. ಅಂದು ಮಾತ್ರ ಅವನ ಹೆಂಡತಿ ನಗಲಿಲ್ಲ. ಅವನನ್ನು ಪೇಟೆಯ ಡಾಕ್ಟರ ಬಳಿಗೆ ಕರೆದುಕೊಂಡು ಹೋದಳು.

ತಲೆಗೆ ಏಟು ಬಿದ್ದಾಗ ಒಳಗಿನ ಮಿದುಳು ಅಲುಗುತ್ತದೆ, ಹೊರಗೆ ಗಾಯ ಕಾಣದಿದ್ದರೂ ಅದು ಸುಧಾರಿಸಿಕೊಳ್ಳಲು ಬಿಡುವು ಬೇಕು, ಸುಧಾರಿಸುವ ಮೊದಲೇ ಮತ್ತೊಂದು ಏಟು ಬೀಳಬಾರದು ಎಂದು ಡಾಕ್ಟರು ಹೇಳಿದರು. ಪೈಲ್ವಾನನಿಗೆ ಅರ್ಥವಾಗಲಿಲ್ಲ. ದಾರಿಯಲ್ಲಿ ಹೆಂಡತಿ ಬಿಡಿಸಿ ಹೇಳಿದಳು.

"ಹಾಲಿಗೆ ಹೆಪ್ಪು ಹಾಕಿದ್ಮೇಲೆ ಗಡಿಗೇನ ಯಾರಾದ್ರೂ ಅಲ್ಲಾಡಿಸ್ತಾರಾ? ನೀವು ನಿಮ್ ತಲೇನ ಇಷ್ಟು ವರ್ಷ ಅಲ್ಲಾಡಿಸ್ಕೊಂಡೇ ಬಂದ್ರಿ."

ಈ ಮಾತು ಅವನೊಳಗೆ ನೇರವಾಗಿ ಇಳಿಯಿತು. ಜೀವಮಾನವೆಲ್ಲ ಹಾಲು ಮೊಸರಿನಲ್ಲೇ ಬೆಳೆದವನಲ್ಲವೇ? ಅಂದೇ ಕುಸ್ತಿ ಬಿಟ್ಟ. ಆದರೆ ಸುಮ್ಮನೆ ಕೂರಲಿಲ್ಲ. ಗರಡಿಯಿಂದ ಗರಡಿಗೆ ನಡೆದ. ತಲೆ ಸುತ್ತಿದರೆ ಬಾಯಿಬಿಟ್ಟು ಹೇಳಿ, ಹೆಪ್ಪು ಕೂರುವವರೆಗೆ ಅಖಾಡಕ್ಕೆ ಇಳಿಯಬೇಡಿ ಎಂದು ಸಾರಿದ. ಪೈಲ್ವಾನರು ಎದುರಿಗೆ ಅವನ ಕಾಲಿಗೆ ಬಿದ್ದರು, ಹಿಂದಿನಿಂದ 'ಮೊಸರು ಪೈಲ್ವಾನ' ಎಂದು ಹೆಸರಿಟ್ಟರು. ಉಸ್ತಾದನೂ ಮಣ್ಣು ಹಚ್ಚುವುದನ್ನು ಬಿಡಲಿಲ್ಲ.

ಹೀಗಿರುವಾಗ ಊರಿನಲ್ಲಿ ಬೆಳ್ಳಿ ಗದೆಗಾಗಿ ಕುಸ್ತಿ ನಡೆಯಿತು. ಅದೇ ಗರಡಿಯ ಒಬ್ಬ ತರುಣ ಕಣದಲ್ಲಿದ್ದ. ಇನ್ನೇನು ಗೆದ್ದ ಎನ್ನುವಾಗ ಎದುರಾಳಿ ಅವನನ್ನು ಎತ್ತಿ ಒಗೆದ. ಬೆನ್ನು ತಗುಲಲಿಲ್ಲ, ತಲೆ ತಗುಲಿತು. ತರುಣ ಮೊಣಕಾಲೂರಿ ಕೂತುಬಿಟ್ಟ. ತೀರ್ಪುಗಾರ ಕುಸ್ತಿ ನಿಲ್ಲಿಸಿದ. ಜನ 'ಏಳು, ಏಳು' ಎಂದು ಕೂಗಿದರು, ತಮಟೆಯವರು ಇನ್ನೂ ಜೋರಾಗಿ ಬಾರಿಸಿದರು. ಉಸ್ತಾದ ಮಣ್ಣಿಗಾಗಿ ಬಗ್ಗಿದ. ಅಷ್ಟರಲ್ಲಿ ಪೈಲ್ವಾನ ಅಖಾಡಕ್ಕೆ ಇಳಿದು ಬಂದ.

"ನಿನ್ ಜೋಡಿ ಕುಸ್ತಿಗಿಳ್ದೋನು ಯಾವೂರವನ್ಲಾ?" ಎಂದು ತರುಣನನ್ನು ಕೇಳಿದ.

ತರುಣ ಎದುರಾಳಿಯನ್ನು ನೋಡಿದ, ಆಮೇಲೆ ಆಕಾಶ ನೋಡಿದ. "ಯಾವೂರೋ... ಬುಡಣ್ಣ, ನಂಗೇನೂ ಆಗಿಲ್ಲ. ಈಗ ಕೂತ್ಬುಟ್ರೆ ನಾಳೆ ಊರಲ್ಲಿ ಮುಖ ತೋರ್ಸೋದು ಹೆಂಗೆ?"

ಪೈಲ್ವಾನನಿಗೆ ಆ ಮಾತು ಹೊಸದಲ್ಲ. ಎಷ್ಟೋ ಸಲ ಇದೇ ಮಾತು ಹೇಳಿ ತಾನೂ ಎದ್ದಿದ್ದ. ಉಳಿದದ್ದೆಲ್ಲ ಮರೆತರೂ ಅದನ್ನು ಮರೆತಿರಲಿಲ್ಲ. ಈಗ ಇವನು ಎದ್ದರೆ ನಾಳೆ ತನ್ನ ಮನೆ ಯಾವುದೆಂದು ಇವನಿಗೂ ತಿಳಿಯಲಿಕ್ಕಿಲ್ಲ, ಜೀವಕ್ಕೇ ಬಂದರೂ ಬರಬಹುದು. ಉಪದೇಶಕ್ಕೆ ಹೊತ್ತಿರಲಿಲ್ಲ. ಪೈಲ್ವಾನ ಅಂಗಿ ಬಿಚ್ಚಿ ಪಕ್ಕಕ್ಕಿಟ್ಟ. ತರುಣನ ಪಕ್ಕದಲ್ಲಿ ಅಂಗಾತ ಮಲಗಿದ.

ತಮಟೆ ನಿಂತುಹೋಯಿತು. ಯಾರಿಂದಲೂ ಮಣ್ಣು ಮುಟ್ಟಿಸಲಾಗದ ಬೆನ್ನು ಅದು. ಅದು ಕೆಳಗಾಗುವುದನ್ನು ನೋಡಬೇಕೆಂದು ಸುತ್ತಲಿನ ಊರುಗಳವರು ಆಸೆಪಟ್ಟು ಸಾಕಾಗಿದ್ದರು.

"ನೋಡ್ಲಾ, ನನ್ ಬೆನ್ನೂ ಮಣ್ಣಾಯ್ತು," ಎಂದ ಪೈಲ್ವಾನ, ಮಲಗಿದಲ್ಲಿಂದಲೇ. "ಇನ್ನು ನಿಂಗೇನ್ಲಾ ನಾಚ್ಕೆ? ಮಲಿಕೋ. ಮಣ್ಣು ತಂಪಾಗೈತೆ."

ತರುಣ ಮಲಗಿದ. ಮೊದಲು ನಕ್ಕವನೂ ಅವನೇ. ಎದುರಾಳಿಗೆ ಏನು ತೋಚಿತೋ ಏನೋ, ಅವನೂ ಬಂದು ಇನ್ನೊಂದು ಪಕ್ಕದಲ್ಲಿ ಮಲಗಿಬಿಟ್ಟ. ಮೂವರೂ ಅಂಗಾತ! ಗದೆ ಯಾರಿಗೆ ಕೊಡುವುದೆಂದು ತಿಳಿಯದೆ ತೀರ್ಪುಗಾರ ಪೇಚಾಡಿದ. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು. ಉಸ್ತಾದ ಕೈಯಲ್ಲಿದ್ದ ಮಣ್ಣನ್ನು ನೋಡಿ ಮೆಲ್ಲಗೆ ಕೆಳಗೆ ಬಿಟ್ಟ.

ತರುಣನನ್ನು ಡಾಕ್ಟರಿಗೆ ತೋರಿಸಿ ಮನೆಗೆ ಕರೆದೊಯ್ದರು. ಊರ ಬಾಗಿಲಲ್ಲಿ ತಮಟೆಯವರು ಮತ್ತೆ ಕೋಲು ಎತ್ತಿದರು. ಸದ್ದಿಗೆ ತಲೆ ನೋಯುತ್ತದೆ ಎಂದು ಪೈಲ್ವಾನ ತಡೆದ. ಆಗ ಜನ ಚಪ್ಪಲಿಯನ್ನೂ ಕಳಚಿ ಕೈಯಲ್ಲಿ ಹಿಡಿದು, ಪಿಸುಮಾತಿನಲ್ಲಿ ಜಯಕಾರ ಹಾಕುತ್ತ ನಡೆದರು. ಪಿಸುಮಾತಿನ ಜಯಕಾರ ನೀನು ಕೇಳಿಲ್ಲ. ನಾನು ಕೇಳಿದ್ದೇನೆ. ಅಷ್ಟು ಸಂತೋಷದ ಮೆರವಣಿಗೆಯನ್ನು ನಾನು ಮತ್ತೆ ಕಂಡಿಲ್ಲ.

ಆ ಗರಡಿಯಲ್ಲಿ ಹಣೆಗೆ ಮಣ್ಣನ್ನು ಈಗಲೂ ಇಡುತ್ತಾರೆ. ಇಟ್ಟ ಮೇಲೆ 'ಏಳು' ಎನ್ನುವುದಿಲ್ಲ. ಆ ಗುರುತು ಬಿದ್ದವನನ್ನು ಡಾಕ್ಟರಿಗೆ ತೋರಿಸುತ್ತಾರೆ. ಅವರು ಸರಿ ಎನ್ನುವವರೆಗೆ ಯಾರೂ ಅವನನ್ನು ಆಡಿಸುವಂತಿಲ್ಲ. ತಮಟೆಯಿಲ್ಲದ ಮೆರವಣಿಗೆಯಲ್ಲಿ ಅವನನ್ನು ಮನೆ ಮುಟ್ಟಿಸುತ್ತಾರೆ. ಬಸ್ಕಿ ತಪ್ಪಿಸಿಕೊಳ್ಳಲು ತಲೆ ಸುತ್ತು ಎಂದು ಸುಳ್ಳು ಹೇಳುವ ಮೈಗಳ್ಳರೂ ಇದ್ದಾರೆ. ಅವರಿಗೂ ಮೆರವಣಿಗೆ ಉಂಟು. ಸುಳ್ಳು ಹೇಳಿದವನು ನಾಳೆ ಬಸ್ಕಿ ಹೊಡೆಯುತ್ತಾನೆ, ನಿಜ ಹೇಳಿದವನು ಬದುಕುತ್ತಾನೆ ಎನ್ನುತ್ತಾನೆ ಪೈಲ್ವಾನ.

ಆ ತರುಣ ಪೂರ್ತಿ ಗುಣವಾದ. ಈಗ ಅವನೇ ಅಲ್ಲಿಯ ಉಸ್ತಾದ. ಪೈಲ್ವಾನ ಆಗಾಗ ಪಕ್ಕದ ಮನೆಗೇ ಊಟಕ್ಕೆ ಹೋಗಿ ಕೂರುತ್ತಾನೆ. ಆ ಮನೆಯಾಕೆ ಅವನಿಗೂ ಸೇರಿಸಿಯೇ ಮುದ್ದೆ ಕಟ್ಟುತ್ತಾಳೆ. ಮರೆತು ಹೋಗುತ್ತಾನೋ, ಮುದ್ದೆಯ ರುಚಿಗೆ ಹೋಗುತ್ತಾನೋ, ಅವನ ಹೆಂಡತಿಗೂ ಗೊತ್ತಿಲ್ಲ.

ಇಷ್ಟು ಹೇಳಿ ಗುರುಗಳು ಕತೆ ನಿಲ್ಲಿಸಿದರು. ಗುರುಸಿದ್ಧ ಜೋರಾಗಿ ನಕ್ಕ. ನಕ್ಕವನು ಹಾಗೆಯೇ ಕಣ್ಣು ಮುಚ್ಚಿ ಕಂಬವನ್ನು ಹಿಡಿದುಕೊಂಡ.

"ಹಾಗಾದರೆ ನನ್ನ ಪ್ರಶ್ನೆಗೆ ಉತ್ತರ ಏನು, ಗುರುಗಳೇ?" ಎಂದ.

ಗುರುಗಳು ಎದ್ದು ಬಂದರು. ಅವನ ಪಕ್ಕದಲ್ಲಿ ಜಗಲಿಯ ಬರಿನೆಲದ ಮೇಲೆ ಅಂಗಾತ ಮಲಗಿದರು.

"ಈಗ ಹೇಳು ಮಗು, ಕೊಳದ ಮೆಟ್ಟಿಲಿಗೆ ತಲೆ ಎಲ್ಲಿ ಬಡಿಯಿತು?"

ಗುರುಸಿದ್ಧ ತಲೆಯ ವಸ್ತ್ರವನ್ನು ಮೆಲ್ಲಗೆ ತೆಗೆದ.