ಓಗೊಟ್ಟ ರೈತ

"ಗುರುಗಳೇ, ಸಿಟ್ಟನ್ನು ಗೆಲ್ಲಬೇಕು ಎಂದು ಹೇಳಿಕೊಟ್ಟವರು ನೀವೇ. ನಿನ್ನೆ ಹೊಳೆಯ ಶಾಂತಿ ಮಾಡಿಸಬೇಕೆಂದು ಬಂದ ರೈತನನ್ನು ಬಾಗಿಲಲ್ಲೇ ಬೈದು ಕಳಿಸಿದಿರಿ. ಅವನು ತಂದ ಜೋಳದ ಚೀಲಗಳನ್ನು ಅಂಗಳದೊಳಕ್ಕೆ ಇಳಿಸಗೊಡಲಿಲ್ಲ. ಅವನು ಕದ್ದವನಲ್ಲ, ಸುಳ್ಳು ಹೇಳಿದವನೂ ಅಲ್ಲ ಎಂದು ಪಂಚರೇ ಹೇಳಿದ್ದಾರಂತೆ. ಮತ್ತೇಕೆ ಅಷ್ಟು ಸಿಟ್ಟು?"

ಶಿಷ್ಯ ಹೀಗೆ ಕೇಳಿದ. ಗುರುಗಳ ಮುಖ ಇನ್ನೂ ಕೆಂಪಗೇ ಇತ್ತು. "ಸಿಟ್ಟು ಇಳಿದಿಲ್ಲ, ಇಳಿಯುವುದೂ ಬೇಡ. ಆ ರೈತನ ಕತೆಯನ್ನೇ ಹೇಳುತ್ತೇನೆ, ಕೂತುಕೊಂಡು ಕೇಳು. ನಡುವೆ ತೂಕಡಿಸಿದರೆ ನಿನಗೂ ಬೈಗುಳ ಕಾದಿದೆ" ಎಂದು ಹೇಳತೊಡಗಿದರು.

ಆ ಹೊಳೆ ಹರಿಯುವುದು ಎರೆ ನೆಲದ ಬಯಲಿನಲ್ಲಿ. ಅಲ್ಲಿ ಗುಡ್ಡವಿಲ್ಲ, ಕಣಿವೆಯಿಲ್ಲ. ನೆಲ ಎಷ್ಟು ಸಪಾಟೆಂದರೆ ಹೊಳೆಗೇ ಯಾವ ಕಡೆ ಹೋಗಬೇಕೆಂದು ತಿಳಿಯದು. ಸುತ್ತಿ ಬಳಸಿ, ಬಂದ ಕಡೆಗೇ ಮತ್ತೆ ತಿರುಗಿ ನೋಡಿ, ನಿಧಾನವಾಗಿ ಹೋಗುತ್ತದೆ. ಹೋಗುವಾಗ ಹೊತ್ತು ತಂದ ಹೂಳನ್ನು ತನ್ನ ಪಾತ್ರದಲ್ಲೇ ಇಳಿಸುತ್ತದೆ. ಹಾಗಾಗಿ ವರ್ಷ ವರ್ಷಕ್ಕೂ ಪಾತ್ರ ಮೇಲೇರುತ್ತದೆ, ದಡ ಕುಳ್ಳಾಗುತ್ತದೆ.

ಅಲ್ಲಿ ನೆರೆ ಬರುವುದು ಮಳೆಯ ಜೊತೆಗಲ್ಲ. ಮಳೆ ಬೀಳುವುದು ಎಲ್ಲೋ ದೂರದ ಬೆಟ್ಟದಲ್ಲಿ. ಇಲ್ಲಿ ಚಟಚಟ ಬಿಸಿಲು ಕಾಯುತ್ತಿರುವಾಗಲೇ ಹೊಳೆ ತುಂಬುತ್ತದೆ. ತುಂಬಿದ ನೀರು ಧುಮ್ಮಿಕ್ಕುವುದಿಲ್ಲ, ನೆಲದ ಮೇಲೆ ಚೆಲ್ಲಿದ ಮಜ್ಜಿಗೆಯಂತೆ ಹರಡುತ್ತದೆ. ಎರೆ ಮಣ್ಣು ನೀರು ಕುಡಿಯಿತೆಂದರೆ ಎತ್ತಿನ ಕಾಲು ಹೂತುಹೋಗುತ್ತದೆ, ಬಂಡಿಯ ಗಾಲಿ ಉರುಳುವುದಿಲ್ಲ. ಇರುವ ಒಂದು ದಿನ್ನೆ ಬಲು ದೂರ. ಮನೆ ಬಿಟ್ಟು ಹೋಗುವವರು ನೀರು ಬರುವ ಮೊದಲೇ ಹೋಗಬೇಕು. ನೀರು ಕಂಡ ಮೇಲೆ ಹೊರಟವರು ಎಲ್ಲಿಗೂ ಮುಟ್ಟುವುದಿಲ್ಲ.

ಹಿಂದೆ ಎರಡೂ ದಡದವರು ಹಟ ಹಿಡಿದು ಒಡ್ಡು ಏರಿಸಿದ್ದರು. ಈ ದಡದವರು ಮೊಳ ಏರಿಸಿದರೆ ಆ ದಡದವರು ಮಾರು ಏರಿಸಿದರು. ಒಂದು ವರ್ಷ ಎರಡೂ ಒಡೆದವು. ಬಹಳ ಜನ ಸತ್ತರು. ಅಳಿದುಳಿದ ಹಿರಿಯರು ಕೂತು ಒಂದು ಕಟ್ಟಳೆ ಮಾಡಿದರು. ಎರಡೂ ಒಡ್ಡುಗಳಲ್ಲಿ ಒಂದೊಂದು ಕಡೆ ಮೆತ್ತಗಿನ ಮಣ್ಣು ತುಂಬಿದ ಜಾಗ ಬಿಟ್ಟರು. ಅದಕ್ಕೆ ಬಾಯಿ ಎಂದು ಹೆಸರು. ಹೊಳೆ ತುಂಬಿದಾಗ ಒಂದು ದಡದವನು ಬಂಡಿ ಹೂಡಿ, ಹೆಂಡತಿ ಮಕ್ಕಳನ್ನು ಹತ್ತಿಸಿ, ಒಡ್ಡಿನ ಮೇಲೆ ನಿಂತು "ನೆರೆಯೋ" ಎಂದು ಕೂಗಬೇಕು. ಎದುರು ದಡದವನು ತನ್ನ ಬಾಯಿ ಕಡಿಯಬೇಕು. ಕಡಿದ ಮೇಲೆಯೇ "ನೆರೆಯೋ" ಎಂದು ಓಗೊಡಬೇಕು. ಓಗೊಟ್ಟದ್ದು ಕೇಳಿದರೆ ಕೂಗಿದವನೂ ಎತ್ತು ಬಿಚ್ಚಿ, ತನ್ನ ಬಾಯಿ ಕಡಿಯಬೇಕು. ನೀರು ಎರಡು ಪಾಲಾಗಿ ಹೊಲದಲ್ಲಿ ಮೊಣಕಾಲುದ್ದ ನಿಲ್ಲುತ್ತದೆ, ಮೆಕ್ಕಲು ಬಿಟ್ಟು ಇಳಿದುಹೋಗುತ್ತದೆ. ಆಮೇಲೆ ಹಿಂಗಾರಿ ಜೋಳ ಬಿತ್ತಿದರೆ ಆಳೆತ್ತರ ಬೆಳೆಯುತ್ತದೆ. ಓಗೊಡದಿದ್ದರೆ, ಬಾಯಿ ಕಡಿಯದೆ, ಹೂಡಿದ ಬಂಡಿಯನ್ನು ಹೊಡೆದುಕೊಂಡು ದಿನ್ನೆಗೆ ಹೋಗಬೇಕು. ಇಷ್ಟೇ ಕಟ್ಟಳೆ. ಇದನ್ನು ನಂಬಿ ಎಷ್ಟೋ ತಲೆಮಾರು ಬದುಕಿದವು.

ನಿನ್ನೆ ಬಂದವನು ಬಡಗಣ ದಡದ ರೈತ. ಎಲ್ಲರೂ ನೆರೆ ಇಳಿದ ಮೇಲೆ ಬಿತ್ತಿದರೆ ಇವನು ಈ ವರ್ಷ ಮುಂಗಾರಿಗೇ ಹತ್ತಿ ಹಾಕಿದ. ಹತ್ತಿ ಚೆನ್ನಾಗಿ ಬಂತು, ಹೂವೂ ಬಿಟ್ಟಿತು. ಆಗ ಹೊಳೆ ತುಂಬಿತು.

ತೆಂಕಣ ದಡದ ರೈತ ಬಂಡಿ ಹೂಡಿದ. ಹೆಂಡತಿ ಕೂಸನ್ನು ಎತ್ತಿಕೊಂಡು ಬಂಡಿ ಹತ್ತಿದಳು. ಅವನು ಒಡ್ಡಿನ ಮೇಲೆ ನಿಂತು "ನೆರೆಯೋ" ಎಂದು ಕೂಗಿದ.

ಬಡಗಣ ದಡದ ರೈತ ಸಲಿಕೆ ಹಿಡಿದು ಬಾಯಿಯ ಹತ್ತಿರ ನಿಂತಿದ್ದ. ಅವನ ಹೆಂಡತಿ, "ಕರ್ಯಾಕತ್ತಾರ, ಕೇಳಸವಲ್ದೇನು? ಲಗೂನ ಕಡೀರಿ" ಎಂದಳು. "ಹತ್ತಿ ಹೂ ಬಿಟ್ಟೈತಿ, ಕಣ್ಣಿಲ್ಲೇನು ನಿನಗ" ಎಂದು ಅವನು ಗದರಿದ. ಸಲಿಕೆ ಕೆಳಗಿಟ್ಟ.

ಅವನು ಅಷ್ಟಕ್ಕೇ ಸುಮ್ಮನಿದ್ದಿದ್ದರೂ ನಾನು ಇಷ್ಟು ಉರಿಯುತ್ತಿರಲಿಲ್ಲ. ಆಸೆಬುರುಕ ಎಂದು ಬೈದು ಮರೆಯುತ್ತಿದ್ದೆ. ಆದರೆ ಅವನ ತಲೆ ಓಡಿತು. ತಾನು ಓಗೊಡದಿದ್ದರೆ ಆಚೆಯವನು ಬಾಯಿ ಕಡಿಯುವುದಿಲ್ಲ. ಅವನು ಕಡಿಯದಿದ್ದರೆ ನೀರು ತನ್ನ ಒಡ್ಡನ್ನೇ ಒಡೆಯಬಹುದು. ಇದನ್ನೆಲ್ಲ ಲೆಕ್ಕ ಹಾಕಿ, ಎರಡೂ ಕೈ ಬಾಯಿಗೆ ಹಿಡಿದು, ಗಂಟಲು ಬಿರಿಯುವಂತೆ "ನೆರೆಯೋ" ಎಂದು ಓಗೊಟ್ಟ.

ಆಚೆಯವನು ನಂಬಿದ. ನಂಬದೆ ಏನು ಮಾಡುತ್ತಾನೆ? ಅವನಪ್ಪ ನಂಬಿದ್ದ, ಅಜ್ಜ ನಂಬಿದ್ದ. ಎತ್ತು ಬಿಚ್ಚಿ ಕೊಟ್ಟಿಗೆಯಲ್ಲಿ ಕಟ್ಟಿದ. ಹೆಂಡತಿ ಬಂಡಿ ಇಳಿದು, ಕೂಸನ್ನು ತೊಟ್ಟಿಲಿಗೆ ಹಾಕಿ, ಒಲೆ ಹೊತ್ತಿಸಿದಳು. ಅವನು ಒಡ್ಡಿಗೆ ಹೋಗಿ ತನ್ನ ಬಾಯಿ ಕಡಿದ.

ಎರಡು ದಡದ ನೀರು ಒಂದೇ ಬಾಯಿಯಲ್ಲಿ ಬಂತು. ಕಡಿದ ಬಾಯನ್ನು ಮತ್ತೆ ಮುಚ್ಚಲಾಗುವುದಿಲ್ಲ. ಅವನು ಮನೆಯ ಕಡೆಗೆ ಓಡಿದ, ಎರೆಯಲ್ಲಿ ಕಾಲು ಹೂತು ಬಿದ್ದ, ಎದ್ದ, ಮತ್ತೆ ಬಿದ್ದ. ಮಣ್ಣಿನ ಗೋಡೆ ನೀರಿಗೆ ಎಷ್ಟು ಹೊತ್ತು ತಡೆಯುತ್ತದೆ? ಅವನು ಮುಟ್ಟುವುದರೊಳಗೆ ಮನೆ ಕುಸಿದಿತ್ತು. ಹೆಂಡತಿ ಸಿಕ್ಕಳು, ಉಸಿರಿರಲಿಲ್ಲ. ಕೂಸು ಸಿಗಲೇ ಇಲ್ಲ.

ಬಡಗಣ ದಡದಲ್ಲಿ ಒಂದು ಹತ್ತಿ ಗಿಡವೂ ನೆನೆಯಲಿಲ್ಲ.

ನೀರಿಳಿದ ಮೇಲೆ ಪಂಚಾಯಿತಿ ಸೇರಿತು. ತೆಂಕಣ ದಡದ ರೈತ ಹೆಚ್ಚು ಮಾತಾಡಲಿಲ್ಲ. "ಹೂಡಿದ ಬಂಡಿ ಇತ್ತು. ನಿನ್ನ ದನಿ ಕೇಳಿ ಎತ್ತು ಬಿಚ್ಚಿದೆ" ಎಂದ, ಅಷ್ಟೇ.

ಬಡಗಣ ದಡದ ರೈತ ಎದ್ದು ನಿಂತ. "ನೆರೆ ಬಂದೈತಿ ಅಂತ ಅವ ಕೂಗಿದ. ಹೌದು, ಬಂದೈತಿ ಅಂತ ನಾನೂ ಕೂಗಿದೆ. ಬಾಯಿ ಕಡಿದೀನಿ ಅಂತ ನಾ ಹೇಳಿದ್ನೇನು? ನೆರೆ ಬಂದಿತ್ತೋ ಇಲ್ಲೋ, ನೀವ ಹೇಳ್ರಿ. ಗಂಗವ್ವ ಮುನಿದಾಳ. ಆಕಿ ಮುನಿದ್ರ ನಾ ಏನ್ ಮಾಡ್ಲಿ?"

ಪಂಚರು ಒಬ್ಬರ ಮುಖ ಒಬ್ಬರು ನೋಡಿದರು. ಮೀಸೆ ತಿರುವಿದರು, ಎಲೆ ಅಡಿಕೆ ಜಗಿದರು. ಕೊನೆಗೆ ಸುಳ್ಳಂತೂ ಹೇಳಿಲ್ಲ ಎಂದು ಪಂಚೆ ಕೊಡವಿಕೊಂಡು ಎದ್ದುಹೋದರು. ನಾಚಿಕೆಗೆಟ್ಟವರು. ಹೆಣ ಸುಟ್ಟ ಬೂದಿ ಇನ್ನೂ ಆರಿರಲಿಲ್ಲ.

ಹತ್ತಿ ಬಿಡಿಸಿ ಆಯಿತು, ಮಾರಿ ಜೋಳ ಕೊಂಡದ್ದೂ ಆಯಿತು. ಈಗ ಅವನಿಗೆ ಹೊಳೆಯ ಶಾಂತಿ ಆಗಬೇಕಂತೆ. ತನ್ನ ತಪ್ಪನ್ನು ಹೊಳೆಯ ತಲೆಗೆ ಕಟ್ಟಲು ನನ್ನ ಮಠ ಬೇಕಂತೆ. ನಾನು ಚೀಲ ಇಳಿಸಿಕೊಳ್ಳಬೇಕಿತ್ತೇ? ಆ ಅನ್ನ ನಿನ್ನ ಗಂಟಲಲ್ಲಿ ಇಳಿಯುತ್ತಿತ್ತೇ?

ಗುರುಗಳು ಮಾತು ನಿಲ್ಲಿಸಿದರು. ಶಿಷ್ಯ ಓದಿದವನು, ಮಾತನ್ನು ಬಿಡಿಸಿ ನೋಡುವುದು ಅವನ ಅಭ್ಯಾಸ.

"ಅವನು ಮಾಡಿದ್ದು ಕೆಟ್ಟದ್ದೇ, ಒಪ್ಪಿದೆ. ಆದರೂ ಗುರುಗಳೇ, ನೆರೆ ಬಂದದ್ದು ನಿಜ, ನೆರೆ ಎಂದು ಕೂಗಿದ್ದೂ ನಿಜ. ಆ ಒಂದು ಮಾತಿನಲ್ಲಿ ಸುಳ್ಳು ಎಲ್ಲಿದೆ? ಪಂಚರು ಯಾವುದನ್ನು ಹಿಡಿದು ಅವನನ್ನು ತಪ್ಪಿತಸ್ಥ ಎನ್ನಬೇಕಿತ್ತು?"

ಗುರುಗಳು ಶಿಷ್ಯನ ಕಣ್ಣಿನಲ್ಲಿ ಕಣ್ಣಿಟ್ಟು ಹೇಳಿದರು:

"ನೀರನ್ನು ಯಾರಾದರೂ ಕೂಗಿ ಕರೆಯುತ್ತಾರೆಯೇ ಅಯ್ಯಾ, ಅವರಿಬ್ಬರೂ ಕರೆದದ್ದು ನೆರೆಯವನನ್ನು."