ಕೆಂಪು ಹಗ್ಗ

ಅಥೆನ್ಸಿನಲ್ಲಿ ಸಭೆಯ ದಿನ ಬಂತೆಂದರೆ ನಾಗರಿಕರನ್ನು ಪೇಟೆಯಿಂದ ಗುಡ್ಡದ ಮೇಲಿನ ಸಭೆಗೆ ಅಟ್ಟಬೇಕಿತ್ತು. ಇಬ್ಬರು ಗುಲಾಮರು ಹಸಿ ಕೆಂಪು ಬಣ್ಣ ಬಳಿದ ಹಗ್ಗದ ಎರಡು ತುದಿ ಹಿಡಿದು ಜನರನ್ನು ತಳ್ಳಿಕೊಂಡು ಬರುತ್ತಿದ್ದರು. ಬಣ್ಣ ಮೆತ್ತಿಕೊಂಡವನಿಗೆ ದಂಡ. ಒಬ್ಬ ನಾಗರಿಕನನ್ನು ತಪ್ಪಿಸಿಕೊಳ್ಳಲು ಬಿಟ್ಟರೂ ಗುಲಾಮನಿಗೆ ಚಾಟಿಯೇಟು. ಹೆಂಗಸರು, ಪರದೇಶದವರು, ಗುಲಾಮರು ನಾಗರಿಕರ ಲೆಕ್ಕಕ್ಕಿಲ್ಲ; ಅವರಿಗೆ ಸಭೆಯಲ್ಲಿ ಜಾಗವಿರಲಿಲ್ಲ.

ಇಬ್ಬರಲ್ಲಿ ಮುದುಕನಿಗೆ ಅವತ್ತು ಬೆಳಗಿನಿಂದಲೇ ಸೊಂಟ ಹಿಡಿದಿತ್ತು. ಅಷ್ಟರಲ್ಲಿ ಥ್ರಾಸಿಲೋಸನೆಂಬ ಸಾಹುಕಾರ ಬಂದು ಎದುರು ನಿಂತ.

“ಲೋ, ಹಗ್ಗ ತಗ್ಗಿಸು. ನನಗೆ ಔತಣವಿದೆ. ಈ ಹೊಸ ಬಟ್ಟೆಗೆ ಬಣ್ಣ ತಾಗಿದರೆ ನಿನ್ನ ಚರ್ಮ ಸುಲಿಸ್ತೀನಿ.”

ಮುದುಕ ವಾದಕ್ಕೆ ಹೋಗಲಿಲ್ಲ. ಹಗ್ಗ ತಗ್ಗಿಸಿದ. “ದಾಟಿ, ಒಡೆಯರೇ. ಈಗಷ್ಟೇ ಮೀನು ಮಾರೋಳು ದಾಟಿದಳು, ಪರದೇಶದ ಕುಂಬಾರನೂ ದಾಟಿದ. ನಾಗರಿಕರಲ್ಲದವರನ್ನು ನಾವು ತಡೆಯೋದಿಲ್ಲ. ತಮ್ಮ ಬಗ್ಗೆ ಯಾರಾದರೂ ಕೇಳಿದರೆ, ಇವರೂ ಅಂಥವರೇ ಅಂತ ಹೇಳ್ತೀನಿ.”

ಸುತ್ತಲಿನ ಜನ ತಿರುಗಿ ನೋಡಿದರು. ಥ್ರಾಸಿಲೋಸನ ಮುಖ ಬಿಳಚಿಕೊಂಡಿತು. ಹಗ್ಗವನ್ನು ತಾನೇ ಕಿತ್ತುಕೊಂಡು, ಎಲ್ಲರಿಗೂ ಕಾಣುವಂತೆ ಎದೆಗೆ, ತೋಳಿಗೆ ಉಜ್ಜಿಕೊಂಡು, ದಾಪುಗಾಲಿಟ್ಟು ಗುಡ್ಡ ಹತ್ತಿದ.

ಮುದುಕ ಬಗ್ಗಿ ಹಗ್ಗ ಎತ್ತಿಕೊಂಡ. ಇಪ್ಪತ್ತು ವರ್ಷದಿಂದ ಅದೇ ಕೆಂಪು ಅವನ ಎರಡೂ ಅಂಗೈಯಲ್ಲಿತ್ತು. ಅವನನ್ನು ಮಾತ್ರ ಯಾರೂ ಮೇಲಿನ ಸಭೆಗೆ ಕರೆದಿರಲಿಲ್ಲ.